ಗೆರೆಯೂ ಮನೆಯೂ: ಜರೀನಾ ಅವರ ಅಚ್ಚುಚಿತ್ರಗಳು

ಕ್ರಿ. ಶ. 2001ರಲ್ಲಿ ಅಚ್ಚಾದ ಒಂದು ಚಿತ್ರವಿದೆ. ಕೈಯಿಂದ ತಯಾರಿಸಿದ ಕಾಗದ; ಅದರ ಮೇಲೆ ಅಂಕುಡೊಂಕಾಗಿ ಹಾದುಹೋಗಿರುವ ಒಂದು ಕಪ್ಪು ಗೆರೆ. ಬಣ್ಣವಿಲ್ಲ, ಊರುಗಳ ಹೆಸರಿಲ್ಲ, ಬೆಟ್ಟ ಹೊಳೆಗಳ ಗುರುತಿಲ್ಲ. ಮನುಷ್ಯರ ಸುಳಿವಂತೂ ಇಲ್ಲವೇ ಇಲ್ಲ. ಮೊದಲ ಸಲ ನೋಡುವವರಿಗೆ ಅದು ಬತ್ತಿದ ಹೊಳೆಯ ಪಾತ್ರದಂತೆಯೋ ಹಳೆಯ ಗೋಡೆಯ ಬಿರುಕಿನಂತೆಯೋ ತೋರಬಹುದು. ಚಿತ್ರದ ಹೆಸರು ‘ವಿಭಜನ ರೇಖೆ’. 1947ರಲ್ಲಿ ಭಾರತವನ್ನೂ ಪಾಕಿಸ್ತಾನವನ್ನೂ ಬೇರ್ಪಡಿಸಿದ ಗಡಿಯೇ ಆ ಗೆರೆ. ಅದನ್ನು ಕೆತ್ತಿದವರು ಜರೀನಾ ಹಾಶ್ಮಿ. ಕಲಾಲೋಕದಲ್ಲಿ ಜರೀನಾ ಎಂಬ ಒಂದೇ ಹೆಸರಿನಿಂದ ಪ್ರಸಿದ್ಧರಾದವರು. ಅಲಿಗಢದಲ್ಲಿ ಹುಟ್ಟಿ, ಹಲವು ದೇಶಗಳಲ್ಲಿ ನೆಲಸಿ, ನ್ಯೂಯಾರ್ಕಿನಲ್ಲಿ ನಾಲ್ಕು ದಶಕಗಳಷ್ಟು ಕಾಲ ಬಾಳಿ, 2020ರಲ್ಲಿ ಲಂಡನ್ನಿನಲ್ಲಿ ಕಣ್ಣುಮುಚ್ಚಿದ ಈ ಕಲಾವಿದೆಯ ಮುಖ್ಯ ಕೃತಿಗಳಲ್ಲಿ ಹೆಚ್ಚಿನವು ಎರಡೇ ವಸ್ತುಗಳನ್ನು ಸುತ್ತುತ್ತವೆ. ಒಂದು ಈ ಗೆರೆ. ಇನ್ನೊಂದು ಆಕೆ ಹುಟ್ಟಿ ಬೆಳೆದ ಮನೆ. ಗೆರೆಯು ಮನೆಯ ಮೇಲೆ ಹಾಯಲಿಲ್ಲ. ನೂರಾರು ಮೈಲಿ ಆಚೆಗೆ ಹಾದುಹೋಯಿತು. ಆದರೂ ಮನೆ ಉಳಿಯಲಿಲ್ಲ. ಇದು ಹೇಗಾಯಿತು, ಹೋದ ಮನೆಯನ್ನು ಒಬ್ಬ ಹೆಣ್ಣುಮಗಳು ಕಾಗದದ ಮೇಲೆ ಹೇಗೆ ಮರಳಿ ಪಡೆದರು ಎಂಬುದು ವಿಚಾರಾರ್ಹವಾದ ವಿಷಯ.

ಗೆರೆಯ ಚರಿತ್ರೆ ಬಹುಮಟ್ಟಿಗೆ ಎಲ್ಲರೂ ಬಲ್ಲದ್ದೇ. ಸರ್ ಸಿರಿಲ್ ರಾಡ್‌ಕ್ಲಿಫ್ ಎಂಬ ಆಂಗ್ಲ ನ್ಯಾಯವಾದಿಯು 1947ರ ಜುಲೈ 8ರಂದು ಭಾರತಕ್ಕೆ ಬಂದಿಳಿದನು. ಅದಕ್ಕೆ ಮುಂಚೆ ಅವನು ಈ ದೇಶವನ್ನು ಕಂಡವನಲ್ಲ. ಪಂಜಾಬು, ಬಂಗಾಳ ಎಂಬ ಎರಡು ದೊಡ್ಡ ಪ್ರಾಂತಗಳನ್ನು ಭಾಗಮಾಡಲು ನೇಮಿಸಿದ ಎರಡು ಮಂಡಲಿಗಳಿಗೂ ಅವನೇ ಅಧ್ಯಕ್ಷ. ಜನಗಣತಿಯ ಅಂಕೆಗಳನ್ನೂ ಭೂಪಟಗಳನ್ನೂ ಮುಂದಿಟ್ಟುಕೊಂಡು ಐದಾರು ವಾರಗಳೊಳಗೆ ಅವನು ಕೆಲಸ ಮುಗಿಸಿದನು. ಆಗಸ್ಟ್ 15ರಂದು ಸ್ವಾತಂತ್ರ್ಯ ಬಂದಿತು. ಗಡಿ ಎಲ್ಲಿ ಬಿದ್ದಿತೆಂಬುದು ಪ್ರಕಟವಾದದ್ದು 17ರಂದು. ನಡುವಣ ಎರಡು ದಿನ ಎಷ್ಟೋ ಊರುಗಳ ಜನರಿಗೆ ತಾವು ಯಾವ ದೇಶದಲ್ಲಿರುವೆವೆಂಬುದೇ ತಿಳಿದಿರಲಿಲ್ಲ. ಆಮೇಲೆ ಒಂದು ಕೋಟಿಗೂ ಮಿಕ್ಕ ಜನ ಆ ಕಡೆಯಿಂದ ಈ ಕಡೆಗೂ ಈ ಕಡೆಯಿಂದ ಆ ಕಡೆಗೂ ನೆಲೆ ತಪ್ಪಿ ನಡೆದರು. ಲಾಹೋರು, ರಾವಲ್ಪಿಂಡಿ, ಸಿಂಧಗಳ ಹಿಂದೂ ಸಿಖ್ಖರ ಮನೆಗಳಿಗೆ ಬೀಗ ಬಿದ್ದಂತೆಯೇ ಅಮೃತಸರ, ಜಲಂಧರಗಳ ಮುಸಲ್ಮಾನರ ಮನೆಗಳಿಗೂ ಬೀಗ ಬಿದ್ದಿತು.

ಗೆರೆಗೆ ಸಮೀಪದಲ್ಲಿದ್ದವರ ಕಥೆಯನ್ನು ಚರಿತ್ರೆಯ ಪುಸ್ತಕಗಳು ಹೇಳುತ್ತವೆ. ಗೆರೆಯಿಂದ ದೂರವಿದ್ದವರದು ಬೇರೆ ಬಗೆಯ ಕಥೆ. ಅವರ ಮನೆಗಳು ಸುಡಲಿಲ್ಲ, ಬೀದಿ ಬದಲಾಗಲಿಲ್ಲ, ಸೂರ್ಯ ಹುಟ್ಟುವ ದಿಕ್ಕೂ ಅದೇ. ಆದರೆ ಬಂಧುಗಳು ಒಬ್ಬೊಬ್ಬರಾಗಿ ಹೊರಟುಹೋದರು. ಒಂದೇ ದಿನ ಕೆಡೆದು ಬಿದ್ದ ಮನೆಗಳುಂಟು. ಹತ್ತು ಹನ್ನೆರಡು ವರ್ಷ ಮೆಲ್ಲಮೆಲ್ಲನೆ ಬರಿದಾದ ಮನೆಗಳೂ ಉಂಟು. ಅಲಿಗಢದ ಈ ಮನೆ ಎರಡನೆಯ ಜಾತಿಗೆ ಸೇರಿದ್ದು.

ಜರೀನಾ ಹುಟ್ಟಿದ್ದು 1937ರ ಜುಲೈ 16ರಂದು. ತಂದೆ ಶೇಖ್ ಅಬ್ದುರ್ ರಶೀದರು ಅಲಿಗಢ ಮುಸ್ಲಿಂ ವಿಶ್ವವಿದ್ಯಾನಿಲಯದಲ್ಲಿ ಇತಿಹಾಸದ ಅಧ್ಯಾಪಕರು. ತಾಯಿ ಫಹಮೀದಾ ಬೇಗಂ. ರಾನಿ ಎಂಬ ಅಕ್ಕ ಬಾಳಿನುದ್ದಕ್ಕೂ ಜರೀನಾಗೆ ಜೀವದ ಗೆಳತಿಯಾಗಿದ್ದರು. ಸರ್ ಸೈಯದ್ ಅಹಮದ್ ಖಾನರು 1875ರಲ್ಲಿ ನೆಟ್ಟ ವಿದ್ಯೆಯ ಬೀಜವು 1920ರಲ್ಲಿ ವಿಶ್ವವಿದ್ಯಾನಿಲಯವಾಗಿ ಬೆಳೆದ ಊರು ಅದು. ಪುಸ್ತಕಗಳಿದ್ದ ಮನೆ, ಉರ್ದು ಕಾವ್ಯ ಕಿವಿಗೆ ಬೀಳುತ್ತಿದ್ದ ಅಂಗಳ. ಉತ್ತರ ಹಿಂದೂಸ್ಥಾನದ ಬೇಸಿಗೆಯಲ್ಲಿ ಮಧ್ಯಾಹ್ನವೆಲ್ಲ ಬಿಸಿಗಾಳಿಗೆ ಬಾಗಿಲು ಮುಚ್ಚಿ ಒಳಗಿದ್ದು ಸಂಜೆಯಾದರೆ ಅಂಗಳಕ್ಕೆ ಬರುವುದು ಅಲ್ಲಿನ ವಾಡಿಕೆ. ಹುಡುಗಿಗೆ ಒಲವಿದ್ದುದು ಗಣಿತದ ಕಡೆಗೆ. 1958ರಲ್ಲಿ ಅದೇ ವಿಶ್ವವಿದ್ಯಾನಿಲಯದಿಂದ ಗಣಿತದಲ್ಲಿ ಬಿ.ಎಸ್‌ಸಿ. ಪದವಿ ದೊರೆಯಿತು. ಮುಂದೆ ಆಕೆಯ ಚಿತ್ರಗಳಲ್ಲಿ ಎಲ್ಲೆಲ್ಲಿಯೂ ಕಾಣುವ ಗೆರೆ, ಕೋನ, ಚೌಕಗಳಿಗೆ ಈ ಗಣಿತವೇ ತಳಹದಿ. ಇತಿಹಾಸಕಾರನ ಮಗಳು, ಗಣಿತದ ವಿದ್ಯಾರ್ಥಿನಿ ಎಂಬ ಎರಡು ಮಾತುಗಳನ್ನು ನೆನಪಿಟ್ಟುಕೊಂಡರೆ ಆಕೆಯ ಕಲೆಯ ಅರ್ಧ ಬಾಗಿಲು ತೆರೆದಂತೆಯೇ ಸರಿ. ನಡೆದುದನ್ನು ದಾಖಲೆ ಮಾಡಬೇಕೆಂಬ ಹಟ ತಂದೆಯಿಂದ ಬಂದದ್ದು. ಬೇಡದ್ದನ್ನೆಲ್ಲ ಕಳೆದು ಉಳಿದುದನ್ನು ಮಾತ್ರ ಹೇಳುವ ಸಂಯಮ ಗಣಿತದಿಂದ ಬಂದದ್ದು.

1947ರಲ್ಲಿ ಆಕೆಗೆ ಹತ್ತು ವರ್ಷ. ಆ ವರ್ಷದ ಭೀತಿ ಈ ಕುಟುಂಬವನ್ನೂ ಕೆಲಕಾಲ ನೆಲೆತಪ್ಪಿಸಿತು. ಆದರೂ ಅಲಿಗಢದ ಬಾಳು ಕೂಡಲೇ ಮುಗಿಯಲಿಲ್ಲ. ಮಗಳ ಶಿಕ್ಷಣ ಅಲ್ಲಿಯೇ ನಡೆಯಿತು. 1958ರಲ್ಲಿ ಭಾರತ ಸರಕಾರದ ವಿದೇಶಾಂಗ ಸೇವೆಯಲ್ಲಿದ್ದ ಸಾದ್ ಹಾಶ್ಮಿಯವರೊಡನೆ ಮದುವೆಯಾಗಿ ಆಕೆ ಬ್ಯಾಂಗ್‌ಕಾಕಿಗೆ ಹೊರಟರು. ಆ ದಶಕ ಮುಗಿಯುವ ಹೊತ್ತಿಗೆ ತಂದೆತಾಯಿಗಳು ಅಲಿಗಢವನ್ನು ಬಿಟ್ಟು ಪಾಕಿಸ್ತಾನಕ್ಕೆ ಹೋಗಿ ನೆಲಸಿದರು.

ಮದುವೆಯಾದ ಹೆಣ್ಣು ಹುಟ್ಟಿದ ಮನೆಯನ್ನು ಬಿಟ್ಟು ಹೋಗುವುದು ಲೋಕರೂಢಿ. ಆ ಅಗಲಿಕೆಯ ನೋವನ್ನು ಸಹಿಸಲು ರೂಢಿಯೇ ಒಂದು ಉಪಾಯವನ್ನೂ ಕೊಟ್ಟಿದೆ. ಕನ್ನಡದಲ್ಲಿ ಅದಕ್ಕೆ ತವರು ಎಂದು ಹೆಸರು. ಬೀಸುವಾಗಲೂ ಕುಟ್ಟುವಾಗಲೂ ಹೆಂಗಸರು ಹಾಡಿಕೊಂಡಿರುವ ತವರಿನ ಹಾಡುಗಳಿಗೆಲ್ಲ ಒಂದು ನಂಬಿಕೆ ಆಧಾರ: ತಾನು ದೂರವಿದ್ದರೂ ಆ ಮನೆ ಅಲ್ಲಿಯೇ ಇದೆ, ಹಬ್ಬಕ್ಕೋ ಬಾಣಂತನಕ್ಕೋ ಅದರ ಬಾಗಿಲು ತೆರೆಯುತ್ತದೆ. ಜರೀನಾ ಅವರ ಪಾಲಿಗೆ ಈ ಆಧಾರವೇ ಜಾರಿತು. ಹೋದ ಹೆಣ್ಣು ಹಿಂದಿರುಗಿ ನೋಡುವಷ್ಟರಲ್ಲಿ ತವರೇ ಎದ್ದುಹೋಗಿತ್ತು. ಅದೂ ನೆರೆಯೂರಿಗಲ್ಲ, ಬೇರೊಂದು ರಾಜ್ಯಕ್ಕೆ. ಗಂಡನು ಒಂದು ದೇಶದ ಪ್ರತಿನಿಧಿಯಾಗಿ ಪರದೇಶಗಳಲ್ಲಿರುವವನು. ತಂದೆತಾಯಿಗಳು ಅದರೊಡನೆ ಯುದ್ಧಕ್ಕೆ ನಿಲ್ಲುತ್ತಿದ್ದ ಇನ್ನೊಂದು ದೇಶದ ಪ್ರಜೆಗಳು. ಮಗಳು ತಾಯಿಯನ್ನು ಕಾಣಬೇಕಾದರೆ ಎರಡು ಸರಕಾರಗಳು ಒಪ್ಪಬೇಕು. ರಾಡ್‌ಕ್ಲಿಫನ ಗೆರೆ ಅಲಿಗಢದ ಅಂಗಳವನ್ನು ಮುಟ್ಟಿದ್ದು ಹೀಗೆ.

ಬ್ಯಾಂಗ್‌ಕಾಕಿನಲ್ಲಿ ಜರೀನಾ ಮರದ ಹಲಗೆಯಲ್ಲಿ ಕೆತ್ತಿ ಅಚ್ಚು ತೆಗೆಯುವ ಕಲೆಯನ್ನು ಮೊದಲು ಕೈಗೆತ್ತಿಕೊಂಡರು. ಗಂಡನಿಗೆ ವರ್ಗವಾದಂತೆಲ್ಲ ಊರೂ ಬದಲಾಯಿತು. ಹೋದೆಡೆಯಲ್ಲಿ ವಿದ್ಯೆಯೂ ಬೆಳೆಯಿತು. 1960ರ ದಶಕದಲ್ಲಿ ಪ್ಯಾರಿಸ್ಸಿನಲ್ಲಿದ್ದಾಗ ಸ್ಟ್ಯಾನ್ಲಿ ವಿಲಿಯಂ ಹೇಟರರ ‘ಅತೆಲಿಯೆ 17’ ಎಂಬ ಹೆಸರಾಂತ ಅಚ್ಚುಶಾಲೆಯಲ್ಲಿ ತಾಮ್ರದ ತಗಡಿನ ಕೆಲಸ ಕಲಿತರು. ತಗಡಿಗೆ ಮೇಣದಂತಹ ಲೇಪ ಹಾಕಿ, ಅದರ ಮೇಲೆ ಸೂಜಿಯಿಂದ ಗೆರೆ ಗೀರಿ, ಆಮ್ಲದಲ್ಲಿ ಅದ್ದಿದರೆ ಗೀರಿದ ಕಡೆಯಲ್ಲೆಲ್ಲ ಲೋಹ ಸವೆದು ಸಣ್ಣ ಕಾಲುವೆಯಾಗುತ್ತದೆ. ಆ ಕಾಲುವೆಯಲ್ಲಿ ನಿಂತ ಮಸಿಯನ್ನು ಒದ್ದೆಯ ಕಾಗದ ಹೀರಿಕೊಳ್ಳುತ್ತದೆ. 1968ರಿಂದ ಕೆಲವು ವರ್ಷ ದೆಹಲಿಯಲ್ಲಿ ಆಕೆಯ ವಾಸ. 1974ರಲ್ಲಿ ಟೋಕಿಯೋದ ತೋಶಿ ಯೋಶಿದರ ಕಾರ್ಯಾಗಾರದಲ್ಲಿ ಜಪಾನಿನ ಮರದಚ್ಚಿನ ಕ್ರಮವನ್ನು ಅಭ್ಯಾಸಮಾಡಿದರು. ಬಳಿಕ ಅಮೆರಿಕ, 1976ರಿಂದ ನ್ಯೂಯಾರ್ಕು. ಮರುವರ್ಷವೇ, 1977ರಲ್ಲಿ, ಪತಿ ತೀರಿಕೊಂಡರು.

ನಲವತ್ತು ವರ್ಷ ವಯಸ್ಸಿನ ವಿಧವೆ, ಬಂಧುಗಳಿಲ್ಲದ ಮಹಾನಗರ. ಈ ಸ್ಥಿತಿಯಲ್ಲಿ ಎಷ್ಟೋ ಮಂದಿ ಹೆಂಗಸರು ತಂದೆತಾಯಿಗಳ ಬಳಿಗೆ ಹಿಂದಿರುಗುತ್ತಾರೆ. ಜರೀನಾಗೆ ಹಿಂದಿರುಗಬೇಕಾದ ಊರು ಯಾವುದು? ಅಲಿಗಢದಲ್ಲಿ ತನ್ನವರಿಲ್ಲ, ತನ್ನವರಿರುವ ದೇಶ ತನ್ನದಲ್ಲ. ಆಕೆ ನ್ಯೂಯಾರ್ಕಿನಲ್ಲಿಯೇ ನಿಂತರು. ಅಲ್ಲಿ ಆಗ ಹೆಂಗಸರ ಕಲೆಗೆ ಸರಿಯಾದ ಮರ್ಯಾದೆ ದೊರೆಯಬೇಕೆಂದು ಹೋರಾಡುತ್ತಿದ್ದ ಕಲಾವಿದೆಯರ ಗುಂಪುಗಳಿದ್ದವು. ಆ ಗುಂಪುಗಳಲ್ಲಿಯೂ ಬಿಳಿಯ ಹೆಂಗಸರ ಮಾತೇ ಹೆಚ್ಚಾಗಿ ನಡೆಯುತ್ತಿತ್ತು. ಕ್ಯೂಬಾದಿಂದ ಬಾಲ್ಯದಲ್ಲಿಯೇ ಅಮೆರಿಕಕ್ಕೆ ಬಂದಿದ್ದ ಅನಾ ಮೆಂಡಿಯೆಟಾ, ಜಪಾನಿನಿಂದ ಬಂದಿದ್ದ ಕಾಜುಕೊ ಮಿಯಾಮೊಟೊ ಎಂಬ ಇಬ್ಬರೊಡನೆ ಸೇರಿ ಜರೀನಾ 1980ರಲ್ಲಿ ಎ. ಐ. ಆರ್. ಎಂಬ ಚಿತ್ರಶಾಲೆಯಲ್ಲಿ ಒಂದು ಪ್ರದರ್ಶನವನ್ನು ಏರ್ಪಡಿಸಿದರು. ಅಮೆರಿಕದಲ್ಲಿದ್ದ ‘ಮೂರನೆಯ ಪ್ರಪಂಚ’ದ ಕಲಾವಿದೆಯರ ಕೃತಿಗಳೇ ಅಲ್ಲಿ ಸೇರಿದ್ದವು. ಮೂವರು ಪರದೇಶದ ಹೆಂಗಸರು ತಮಗೆ ಯಾರೂ ತೋರಿಸದ ಜಾಗವನ್ನು ತಾವೇ ಮಾಡಿಕೊಂಡರು.

ಈ ವರ್ಷಗಳಲ್ಲಿ ಆಕೆಯ ಕೆಲಸ ಕಾಗದದ ಸುತ್ತಲೇ ನಡೆಯಿತು. ಅಚ್ಚು ಹಾಕಲು ಕಾಗದ ಬೇಕೆಂಬುದು ಸರಿಯೇ. ಆದರೆ ಜರೀನಾಗೆ ಅದು ಬರಿಯ ಆಧಾರವಸ್ತುವಾಗಿರಲಿಲ್ಲ. ಮಸಿಯೇ ಇಲ್ಲದೆ, ಕಾಗದವನ್ನು ಸೂಜಿಯಿಂದ ಸಾವಿರಾರು ಸಲ ಚುಚ್ಚಿ, ಆ ತೂತುಗಳ ಸಾಲಿನಿಂದಲೇ ಚಿತ್ರಗಳನ್ನು ಮಾಡಿದರು. ಕಾಗದದ ತಿರುಳನ್ನೇ ಅಚ್ಚಿಗೆ ಸುರಿದು ಶಿಲ್ಪಗಳನ್ನು ಎರಕ ಹೊಯ್ದರು. ಚುಚ್ಚಿದರೆ ಗಾಯವಾಗುವುದು, ಕಾಲ ಕಳೆದಂತೆ ಬಣ್ಣಗೆಡುವುದು, ಸುಕ್ಕುಗಟ್ಟುವುದು ಮೊದಲಾದ ಲಕ್ಷಣಗಳಿಂದ ಕಾಗದವು ಮನುಷ್ಯನ ಚರ್ಮಕ್ಕೆ ಸಮಾನವೆಂದು ಆಕೆ ಭಾವಿಸಿದ್ದರು. ಇನ್ನೂ ಒಂದು ಲಕ್ಷಣವುಂಟು: ಕಾಗದವನ್ನು ಮಡಿಚಿ ಪೆಟ್ಟಿಗೆಯಲ್ಲಿಟ್ಟುಕೊಂಡು ಹೋಗಬಹುದು. ಎರಡು ಮೂರು ವರ್ಷಕ್ಕೊಮ್ಮೆ ಮನೆ ಖಾಲಿಮಾಡುತ್ತಿದ್ದವಳಿಗೆ ಕಲ್ಲಿಗಿಂತಲೂ ಕಂಚಿಗಿಂತಲೂ ಇದೇ ನಂಬುಗೆಯ ವಸ್ತುವಾದದ್ದು ಸಹಜ.

1990ರ ದಶಕಕ್ಕೆ ಬಂದಾಗ ಅಲಿಗಢದ ಮನೆ ಚಿತ್ರಗಳೊಳಕ್ಕೆ ನೇರವಾಗಿ ಪ್ರವೇಶಿಸಿತು. 1991ರ ‘ನಾಲ್ಕು ಗೋಡೆಗಳ ಮನೆ’ ತಾಮ್ರದ ತಗಡಿನ ಚಿತ್ರಗಳ ಒಂದು ಮಾಲೆ. 1994ರಲ್ಲಿ ‘ತಂದೆಯ ಮನೆ’ ಎಂಬ ಚಿತ್ರ ಬಂದಿತು. ತಂದೆಯ ಮನೆಯೆಂದೊಡನೆ ವಾಚಕರು ಕಮಾನಿನ ಬಾಗಿಲನ್ನೋ ಬೇವಿನ ಮರದ ನೆರಳನ್ನೋ ನಿರೀಕ್ಷಿಸಬಹುದು. ಚಿತ್ರದಲ್ಲಿರುವುದು ಅದಾವುದೂ ಅಲ್ಲ. ಮನೆಯ ತಳನಕ್ಷೆ ಮಾತ್ರ. ಗೋಡೆಯೆಂದರೆ ಒಂದು ಗೆರೆ. ಬಾಗಿಲೆಂದರೆ ಗೆರೆಯಲ್ಲಿ ಬಿಟ್ಟ ತೆರಪು. ಎಲ್ಲಿ ಏನಿತ್ತೆಂಬುದಕ್ಕೆ ಉರ್ದುವಿನಲ್ಲಿ ಬರೆದ ಹೆಸರುಗಳು. 1997ರ ‘ನಾನು ಮಾಡಿದ ಮನೆಗಳು: ಒಂಬತ್ತು ಗೆರೆಗಳಲ್ಲಿ ಒಂದು ಬಾಳು’ ಎಂಬ ಮಾಲೆಯಲ್ಲಿ, ಮದುವೆಯಾದ ಮೇಲೆ ಊರೂರುಗಳಲ್ಲಿ ತಾನು ಸಂಸಾರ ಹೂಡಿದ ಒಂಬತ್ತು ಮನೆಗಳ ತಳನಕ್ಷೆಗಳನ್ನು ಕೊಟ್ಟಿದ್ದಾರೆ. ಅಷ್ಟೇ ಆಕೆಯ ಆತ್ಮಚರಿತ್ರೆ.

ನೆನಪಿನ ಮನೆಯನ್ನು ನಕ್ಷೆಯಾಗಿ ಬರೆದದ್ದೇಕೆ? ಬೀದಿಯಿಂದ ನೋಡಿದ ಮನೆಯ ಚಿತ್ರವು ಬಂದುಹೋಗುವವನ ಕಣ್ಣಿಗೆ ಕಂಡದ್ದು. ನಕ್ಷೆಯಾದರೋ ಒಳಗೆ ಬಾಳಿದವನ ಕಾಲಿಗೆ ಗೊತ್ತಿರುವಂಥದು. ನಡುರಾತ್ರಿ ದೀಪವಿಲ್ಲದೆ ಎದ್ದು ಹೊಸ್ತಿಲು ಎಡವದೆ ನೀರಿನ ಕೊಡದ ಬಳಿಗೆ ನಡೆದುಹೋಗಬಲ್ಲವನ ಮನಸ್ಸಿನಲ್ಲಿರುವುದು ಮನೆಯ ಅಂದವಲ್ಲ. ಎಷ್ಟು ಹೆಜ್ಜೆ, ಎಲ್ಲಿ ತಿರುವು ಎಂಬ ಲೆಕ್ಕ. ಬಹುಕಾಲದ ಮೇಲೆ ಮುಖಗಳು ಮಸುಕಾಗುತ್ತವೆ, ಬಣ್ಣಗಳು ಅಳಿಸುತ್ತವೆ. ಈ ಲೆಕ್ಕ ಮಾತ್ರ ಮೈಯಲ್ಲಿ ಉಳಿದಿರುತ್ತದೆ. ಜರೀನಾ ಅದನ್ನೇ ಬರೆದರು.

ಇದರಲ್ಲಿ ಇನ್ನೊಂದು ಸೂಕ್ಷ್ಮವಿದೆ. ಭೂಪಟವನ್ನು ಮುಂದಿಟ್ಟುಕೊಂಡು ಗೆರೆ ಎಳೆಯುವುದು ರಾಡ್‌ಕ್ಲಿಫನ ಕೆಲಸವೂ ಆಗಿದ್ದಿತು. ಮನೆಯನ್ನು ಕಸಿದ ಸಾಧನ ಯಾವುದೋ ಮನೆಯನ್ನು ಮರಳಿ ತಂದ ಸಾಧನವೂ ಅದೇ: ಕಾಗದ, ಅದರ ಮೇಲೊಂದು ಗೆರೆ. ಆದರೆ ಆಡಳಿತದ ಗೆರೆಯು ಮೇಲಿನಿಂದ ನೋಡಿ ಎಳೆದದ್ದು. ಅದಕ್ಕೆ ಮನೆಗಳು ಕಾಣುವುದಿಲ್ಲ, ಅಂಕೆಗಳು ಮಾತ್ರ ಕಾಣುತ್ತವೆ. ಜರೀನಾರ ಗೆರೆ ಒಳಗಿನಿಂದ ನಡೆದು ಎಳೆದದ್ದು. ಪ್ರಾಂತಗಳನ್ನು ಅಳೆಯುವ ಕೋಲಿನಿಂದಲೇ ಅಡಿಗೆಮನೆಯನ್ನೂ ಅಂಗಳವನ್ನೂ ಅಳೆದಿಟ್ಟು, ಅವೂ ಚರಿತ್ರೆಯ ದಾಖಲೆಗೆ ಸೇರತಕ್ಕವೆಂದು ಆಕೆ ತೋರಿಸಿಕೊಟ್ಟರು.

ಈ ದೃಷ್ಟಿಯಿಂದ ನೋಡಿದರೆ ಮೊದಲಲ್ಲಿ ಹೇಳಿದ ‘ವಿಭಜನ ರೇಖೆ’ಯನ್ನು ಮಾಡಿದ ಕ್ರಮವೂ ಅರ್ಥಪೂರ್ಣವಾಗುತ್ತದೆ. ಲೇಖನಿಯಿಂದ ಗೆರೆ ಎಳೆಯುವುದು ಕ್ಷಣದ ಕೆಲಸ. ಮರದಚ್ಚಿನಲ್ಲಿ ಹಾಗಾಗದು. ಹಲಗೆಯಲ್ಲಿ ಉಬ್ಬಾಗಿ ಉಳಿದ ಭಾಗಕ್ಕೆ ಮಾತ್ರ ಮಸಿ ಹತ್ತುತ್ತದೆ. ಆದುದರಿಂದ ಒಂದು ಕಪ್ಪು ಗೆರೆ ಮೂಡಬೇಕಾದರೆ ಅದರ ಎಡಬಲಗಳಲ್ಲಿರುವ ಮರವನ್ನೆಲ್ಲ ಉಳಿಯಿಂದ ಕೆತ್ತಿ ತೆಗೆದುಹಾಕಬೇಕು. ಗೆರೆ ನಿಲ್ಲುವುದು ಸುತ್ತಲಿನದೆಲ್ಲ ಹೋದ ಮೇಲೆ. ಕಾಗದದ ಮೇಲೆ ಅಲ್ಲಲ್ಲಿ ಉಳಿದಿರುವ ಸಣ್ಣ ಕಪ್ಪು ಚೂರುಗಳು ಉಳಿಯ ಕೈಗೆ ಪೂರ್ತಿ ಸಿಕ್ಕದೆ ನಿಂತ ಮರದ ಗುರುತುಗಳು. ಇಷ್ಟೇ ಅಲ್ಲದೆ, ಅಚ್ಚಿನ ಹಲಗೆಯಲ್ಲಿ ಎಲ್ಲವನ್ನೂ ತಿರುಗುಮುರುಗಾಗಿ ಕೆತ್ತಬೇಕಾಗುತ್ತದೆ. ಭೂಪಟವನ್ನು ಕೆತ್ತುವವನ ಹಲಗೆಯಲ್ಲಿ ಪೂರ್ವವು ಪಶ್ಚಿಮವಾಗಿಯೂ ಪಶ್ಚಿಮವು ಪೂರ್ವವಾಗಿಯೂ ಇರುತ್ತವೆ. ಐದಾರು ವಾರಗಳಲ್ಲಿ ಲೇಖನಿಯಿಂದ ಎಳೆದ ಗಡಿಯನ್ನು ಅರ್ಧ ಶತಮಾನದ ಮೇಲೆ ಒಬ್ಬ ಹೆಂಗಸು ಉಳಿಯಿಂದ ಪುನಃ ಕೆತ್ತಿದಾಗ, ಆ ಗೆರೆಯ ನಿಜವಾದ ಬೆಲೆ ಎಷ್ಟೆಂಬುದು ಕೆಲಸದ ಶ್ರಮದಲ್ಲಿಯೇ ವ್ಯಕ್ತವಾಯಿತು. 2013ರಲ್ಲಿ ಆಕೆ ಇದೇ ಗಡಿಯನ್ನು ಮತ್ತೊಮ್ಮೆ ಕೆತ್ತಿದರು. ಆ ಚಿತ್ರದ ಹೆಸರು ‘ಪಾತಾಳ’. ಅಲ್ಲಿ ಕಾಗದವೆಲ್ಲ ಕಪ್ಪು, ನಡುವೆ ಬಿಳಿಯ ಸೀಳು.

ಮನೆ, ಗೆರೆ ಎಂಬ ಈ ಎರಡರ ನಡುವೆ ಮೂರನೆಯದೊಂದು ಇದೆ: ಭಾಷೆ. 1999ರಲ್ಲಿ ಜರೀನಾ ತಮ್ಮ ಅತ್ಯಂತ ಪ್ರಸಿದ್ಧವಾದ ಕೃತಿಯನ್ನು ಹೊರತಂದರು. ‘ಮನೆಯೆಂಬುದು ಪರದೇಶ’ ಎಂಬ ಅರ್ಥದ ಹೆಸರುಳ್ಳ ಆ ಮಾಲೆಯಲ್ಲಿ 36 ಮರದಚ್ಚಿನ ಚಿತ್ರಗಳಿವೆ. ಮೊದಲು ಆಕೆ ಮಾಡಿಕೊಂಡದ್ದು ಉರ್ದು ಪದಗಳ ಒಂದು ಪಟ್ಟಿ. ಆ ಪದಗಳನ್ನು ಪಾಕಿಸ್ತಾನದ ಒಬ್ಬ ಲಿಪಿಕಾರನಿಂದ ನಸ್ತಾಲೀಖ್ ಶೈಲಿಯ ಅಂದವಾದ ಅಕ್ಷರಗಳಲ್ಲಿ ಬರೆಯಿಸಿ ತರಿಸಿದರು. ಚಿತ್ರ ಹುಟ್ಟಿದ್ದು ಆಮೇಲೆ. ಮನೆ, ಹೊಸ್ತಿಲು, ಬಾಗಿಲು, ಅಂಗಳ, ಗೋಡೆ, ಬಿಸಿಗಾಳಿ, ದೂರ, ದಾರಿ, ಕಾಲ, ಭಾಷೆ, ಗಡಿ ಎಂದು ಮುಂತಾಗಿ ಒಂದೊಂದು ಹಾಳೆಗೆ ಒಂದೊಂದು ಪದ. ಅದಕ್ಕೆ ತಕ್ಕಂತೆ ಕೆಲವೇ ಗೆರೆಗಳು, ಕೆಲವೇ ಆಕಾರಗಳು. ಮನೆಯೊಳಗಿನಿಂದ ಹೊರಟು, ಹೊಸ್ತಿಲು ದಾಟಿ, ದಾರಿ ಹಿಡಿದು, ಗಡಿಯವರೆಗೆ ಬರುವ ಒಂದು ಜೀವಮಾನದ ಪ್ರಯಾಣ ಆ ಪದಗಳಲ್ಲಿಯೇ ಅಡಗಿದೆ.

ನ್ಯೂಯಾರ್ಕಿನ ಪ್ರೇಕ್ಷಕರಲ್ಲಿ ಬಹುಮಂದಿಗೆ ಆ ಲಿಪಿ ಬಾರದು. ಹಾಗೆಂದು ಜರೀನಾ ಅದನ್ನು ಬಿಡಲಿಲ್ಲ. ಉರ್ದು ಹುಟ್ಟಿ ಬೆಳೆದದ್ದು ದೆಹಲಿ, ಲಖನೌ ಮೊದಲಾದ ಊರುಗಳಲ್ಲಿಯೂ ದಖ್ಖನದಲ್ಲಿಯೂ. ದೇಶವಿಭಾಗವಾದ ಮೇಲೆ ಅದು ಗಡಿಯ ಆಚೆ ರಾಷ್ಟ್ರಭಾಷೆಯಾಯಿತು. ಹುಟ್ಟಿದ ನೆಲದಲ್ಲಿ ಶಾಲೆ ಕಚೇರಿಗಳಿಂದ ಹಿಂದೆ ಸರಿಯಿತು. ಮನುಷ್ಯರಂತೆ ಭಾಷೆಯೂ ವಲಸೆ ಹೋಗಬಲ್ಲದು. ಅಮೆರಿಕದಲ್ಲಿ ಒಂಟಿಯಾಗಿದ್ದ ಈಕೆಗೆ ತಾಯಿಯೊಡನೆ ಆಡಿದ ಮಾತುಗಳೇ ಉಳಿದ ಆಸ್ತಿ. ಅವು ಮರೆತುಹೋಗದಂತೆ ಒಂದೊಂದನ್ನೂ ಮರದಲ್ಲಿ ಕೆತ್ತಿಡಬೇಕೆಂದು ತೋರಿದ್ದು ಆಶ್ಚರ್ಯವಲ್ಲ. ಕನ್ನಡಿಗರಿಗೂ ಆ ಪದಗಳಲ್ಲಿ ಕೆಲವು ಅಪರಿಚಿತವಲ್ಲ. ಜಮೀನು, ದರ್ವಾಜೆ, ನಕ್ಷೆ, ಸರಹದ್ದು ಎಂಬಿವೆಲ್ಲ ಪಾರಸಿ ಉರ್ದುಗಳ ದಾರಿಯಿಂದ ಬಂದು ಕನ್ನಡದ ಮನೆಗಳಲ್ಲಿ ಶತಮಾನಗಳಿಂದ ನೆಲಸಿರುವ ಪದಗಳು. ವಲಸೆ ಬಂದ ಪದವನ್ನು ಭಾಷೆಯು ತನ್ನದೆಂದುಕೊಳ್ಳಲು ಯಾವ ಸರಕಾರದ ಅಪ್ಪಣೆಯೂ ಬೇಕಾಗಲಿಲ್ಲ.

ಕಾಗದ ಎಂಬ ಪದಕ್ಕೆ ಕನ್ನಡದಲ್ಲಿ ಎರಡು ಅರ್ಥ: ಬರೆಯುವ ಹಾಳೆಯೂ ಕಾಗದ, ಬರೆದು ಕಳಿಸಿದ ಓಲೆಯೂ ಕಾಗದ. ಈ ಎರಡು ಅರ್ಥಗಳೂ ಒಂದಾದ ಕೃತಿ ‘ಮನೆಯಿಂದ ಬಂದ ಕಾಗದಗಳು’, ಅದು 2004ರದು. ಪಾಕಿಸ್ತಾನದಲ್ಲಿದ್ದ ಅಕ್ಕ ರಾನಿ ತಂಗಿಗೆ ಆಗಾಗ ಕಾಗದ ಬರೆಯುತ್ತಿದ್ದರು. ಅವುಗಳಲ್ಲಿ ಕೆಲವನ್ನು ಬರೆದರೂ ಅಂಚೆಗೆ ಹಾಕಲಿಲ್ಲ. ತಂದೆತಾಯಿಗಳ ಮರಣ, ಮನೆಯನ್ನು ಮಾರಿದ್ದು, ಮಕ್ಕಳು ದೊಡ್ಡವರಾಗಿ ದೂರಹೋದದ್ದು, ಇಂಥ ಹೊತ್ತಿನಲ್ಲಿ ತಂಗಿ ಬಳಿಯಲ್ಲಿ ಇಲ್ಲವಲ್ಲ ಎಂಬ ಸಂಕಟ, ಇವೇ ಅವುಗಳ ಒಕ್ಕಣೆ. ಅವು ತಂಗಿಯ ಕೈಸೇರಿದ್ದು ವರ್ಷಗಳಾದ ಮೇಲೆ. ಜರೀನಾ ಅಕ್ಕನ ಕೈಬರಹವನ್ನೇ ಲೋಹದ ಅಚ್ಚಿಗೆ ಇಳಿಸಿ, ಅದರ ಮೇಲೆ ಮನೆಯ ನಕ್ಷೆಯನ್ನೂ ಊರಿನ ಭೂಪಟವನ್ನೂ ಮರದಚ್ಚಿನಿಂದ ಒತ್ತಿ, ಎಂಟು ಚಿತ್ರಗಳ ಮಾಲೆ ಮಾಡಿದರು. ಕೆಲವೆಡೆ ಕಪ್ಪು ಆಕಾರಗಳು ಬರಹವನ್ನು ಮುಚ್ಚಿವೆ. ಉರ್ದು ಬಲ್ಲವರಿಗೂ ಪೂರ್ತಿ ಓದಲಾಗದು. ಅಕ್ಕತಂಗಿಯರ ನಡುವಣ ಮಾತನ್ನು ಲೋಕಕ್ಕೆ ತೋರಿಸಿಯೂ ಅದರ ಗುಟ್ಟನ್ನು ಬಿಟ್ಟುಕೊಡದ ಈ ಮರ್ಯಾದೆ ಆಕೆಯ ಕಲೆಯ ದೊಡ್ಡ ಗುಣ.

ಇಲ್ಲಿ ಒಂದು ಆಕ್ಷೇಪಕ್ಕೆ ಎಡೆಯುಂಟು. ಇದೆಲ್ಲ ಒಬ್ಬ ವ್ಯಕ್ತಿಯ ಸ್ವಂತ ದುಃಖ. ಒಂದು ಮನೆ, ಒಬ್ಬ ಅಕ್ಕ, ಒಂದು ಅಂಗಳ. ಇದಕ್ಕೆ ಚರಿತ್ರೆಯಲ್ಲಿ ಏನು ಸ್ಥಾನ ಎಂದು ಕೇಳಬಹುದು. ಉತ್ತರವನ್ನು 2003ರ ಮಾಲೆಯೊಂದು ಕೊಡುತ್ತದೆ. ಗಾಲಿಬನನ್ನು ಅನುಸರಿಸಿ ಅಮೆರಿಕದ ಕವಯಿತ್ರಿ ಅಡ್ರಿಯೆನ್ ರಿಚ್ ರಚಿಸಿದ ಕವಿತೆಯಿಂದ ಅದರ ಹೆಸರನ್ನು ತೆಗೆದುಕೊಂಡಿದೆ. ಅದರಲ್ಲಿ ಒಂಬತ್ತು ನಗರಗಳ ಚಿತ್ರಗಳಿವೆ: ಗ್ರೋಜ್ನಿ, ಸರಾಯೆವೊ, ಸ್ರೆಬ್ರೆನಿತ್ಸ, ಬೇರೂತ್, ಜೆನಿನ್, ಬಾಗ್ದಾದ್, ಕಾಬೂಲ್, ಅಹಮದಾಬಾದ್, ನ್ಯೂಯಾರ್ಕ್. ಯುದ್ಧದಿಂದಲೋ ದ್ವೇಷದಿಂದಲೋ ಗಾಯಗೊಂಡ ಊರುಗಳಿವು. ಒಂದೊಂದೂ ಮೇಲಿನಿಂದ ಕಂಡ ಬರಿಯ ಗೆರೆಗಳು. ನ್ಯೂಯಾರ್ಕಿಗೆ 2001ರಲ್ಲಿ ಉರುಳಿದ ಗೋಪುರಗಳನ್ನು ನೆನಪಿಸುವ ಎರಡು ನೆಟ್ಟನೆಯ ಪಟ್ಟಿಗಳು. ತನ್ನ ಮನೆಯ ನಕ್ಷೆಯನ್ನು ಬರೆಯಲು ಕಲಿತ ಕೈಯೇ ಅನ್ಯರ ಊರುಗಳ ನಕ್ಷೆಯನ್ನೂ ಬರೆಯಿತು. ಕಾಬೂಲಿನಲ್ಲಿ ಮನೆ ಕಳೆದುಕೊಂಡವನ ಹೆಸರು ಆಕೆಗೆ ಗೊತ್ತಿಲ್ಲ. ಹೊಸ್ತಿಲು ಕಳೆದುಕೊಳ್ಳುವುದೆಂದರೆ ಏನೆಂಬುದು ಗೊತ್ತು. ತನ್ನ ನೋವನ್ನು ಅಳತೆಗೆ ತಂದವರಿಗೆ ಪರರ ನೋವೂ ಅಳತೆಗೆ ಸಿಕ್ಕುತ್ತದೆ. 2015ರಲ್ಲಿ ಬರ್ಮಾದಿಂದ ಹೊರದೂಡಲ್ಪಟ್ಟು ಸಮುದ್ರದ ಪಾಲಾದ ರೋಹಿಂಗ್ಯಾ ಜನರನ್ನು ಕುರಿತೂ ಆಕೆ ಚಿತ್ರ ಮಾಡಿದರು. ಆಗ ವಯಸ್ಸು ಎಪ್ಪತ್ತೆಂಟರ ಸಮೀಪ.

ಕೀರ್ತಿ ಆಕೆಯನ್ನು ಹುಡುಕಿಕೊಂಡು ಬಂದದ್ದು ತಡವಾಗಿ. 2011ರಲ್ಲಿ ಇಟಲಿಯ ವೆನಿಸ್ ನಗರದ ಪ್ರಸಿದ್ಧ ಅಂತರರಾಷ್ಟ್ರೀಯ ಕಲಾಪ್ರದರ್ಶನದಲ್ಲಿ ಭಾರತ ಸರಕಾರವು ಮೊದಲ ಬಾರಿಗೆ ಅಧಿಕೃತವಾಗಿ ತನ್ನದೇ ಮಂಟಪವನ್ನು ತೆರೆಯಿತು. ರಣಜಿತ್ ಹೊಸಕೋಟೆಯವರು ಅದನ್ನು ಸಂಯೋಜಿಸಿದರು. ಅಲ್ಲಿ ಭಾರತದ ಪರವಾಗಿ ನಿಂತ ಕೆಲವೇ ಕಲಾವಿದರಲ್ಲಿ ಜರೀನಾ ಒಬ್ಬರು. ಬಾಳಿದ್ದು ಅಮೆರಿಕದಲ್ಲಿ, ತಂದೆತಾಯಿಗಳು ನೆಲಸಿದ್ದು ಪಾಕಿಸ್ತಾನದಲ್ಲಿ, ಪ್ರತಿನಿಧಿಸಿದ್ದು ಭಾರತವನ್ನು. ಈಕೆ ಯಾವ ದೇಶದವಳು ಎಂದು ಕೇಳುವವರಿಗೆ ಆ ಮಂಟಪವೇ ಒಂದು ಉತ್ತರವಾಗಿತ್ತು. ಆದರೆ ಆ ಪ್ರಶ್ನೆಗೆ ಆಕೆಯ ಚಿತ್ರಗಳು ಕೊಡುವ ಉತ್ತರ ಇನ್ನೂ ಸರಳ. ಅವುಗಳಲ್ಲಿ ದೇಶಗಳ ಧ್ವಜಗಳಿಲ್ಲ, ಕೋಣೆಗಳಿವೆ, ಬಾಗಿಲುಗಳಿವೆ. 2012ರಲ್ಲಿ ಲಾಸ್ ಏಂಜಲಿಸ್ಸಿನ ಹ್ಯಾಮರ್ ವಸ್ತುಸಂಗ್ರಹಾಲಯವು ‘ಚರ್ಮದಂತಹ ಕಾಗದ’ ಎಂಬ ಅರ್ಥದ ಹೆಸರಿನಿಂದ ಆಕೆಯ ಸಮಗ್ರ ಪ್ರದರ್ಶನವನ್ನು ನಡೆಸಿತು. ಮರುವರ್ಷ ಅದು ನ್ಯೂಯಾರ್ಕಿನ ಗುಗೆನ್‌ಹೈಮಿಗೂ ಷಿಕಾಗೋವಿನ ಕಲಾಸಂಸ್ಥೆಗೂ ಹೋಯಿತು.

ಕೊನೆಯ ವರ್ಷಗಳಲ್ಲಿ ಜರೀನಾ ಅವರಿಗೆ ಆಲ್ಜೈಮರ್ ಎಂಬ ಮರೆವಿನ ರೋಗ ಅಂಟಿತು. ಬಾಳೆಲ್ಲ ನೆನಪನ್ನೇ ಕೆತ್ತಿದವರಿಗೆ ನೆನಪನ್ನೇ ತಿನ್ನುವ ವ್ಯಾಧಿ. 2020ರ ಏಪ್ರಿಲ್ 25ರಂದು ಲಂಡನ್ನಿನಲ್ಲಿ ಬಂಧುಗಳ ಮನೆಯಲ್ಲಿ ಆಕೆ ತೀರಿಕೊಂಡರು. ಆಗ ವಯಸ್ಸು 82.

ಮನುಷ್ಯನ ನೆನಪಿಗೆ ಇರುವ ಅವಧಿ ಇಷ್ಟೇ ಎಂಬುದನ್ನು ಹಿಂದಿನವರು ಬಲ್ಲವರಾಗಿದ್ದರು. ಅದಕ್ಕಾಗಿಯೇ ದಾನವನ್ನೂ ಗಡಿಯನ್ನೂ ಕಲ್ಲಿನಲ್ಲಿ ಬರೆಯಿಸಿದರು. ಕಲ್ಲು ನಿಂತಲ್ಲಿಯೇ ನಿಲ್ಲುತ್ತದೆ. ನೋಡುವವರು ಅಲ್ಲಿಗೆ ಹೋಗಬೇಕು. ಅಚ್ಚಿನ ಚಿತ್ರದ ಧರ್ಮ ಬೇರೆ. ಒಂದು ಹಲಗೆಯಿಂದ ಹಲವು ಪ್ರತಿಗಳು ಹುಟ್ಟುತ್ತವೆ. ‘ಮನೆಯೆಂಬುದು ಪರದೇಶ’ ಎಂಬ ಮಾಲೆಗೆ 25 ಪ್ರತಿಗಳು. ನ್ಯೂಯಾರ್ಕಿನ ದೊಡ್ಡ ಸಂಗ್ರಹಾಲಯಗಳು ಅದನ್ನು ಇಟ್ಟುಕೊಂಡಿವೆ. ರಾನಿಯವರು ಅಂಚೆಗೆ ಹಾಕದ ಕಾಗದಗಳು ಲಂಡನ್ನಿನ ಟೇಟ್ ಸಂಗ್ರಹವನ್ನು ಸೇರಿವೆ. ಅಲಿಗಢದಲ್ಲಿ ಒಂದೆಡೆ ನಿಂತಿದ್ದಾಗ ಆ ಮನೆಯ ಬಾಗಿಲನ್ನು ಬಲ್ಲವರು ಕೆಲವೇ ಮಂದಿ. ನಿಲ್ಲಲು ನೆಲವಿಲ್ಲದೆ ಕಾಗದಕ್ಕೆ ಬಂದ ಮೇಲೆ, ಎಲ್ಲಿಯೋ ಹುಟ್ಟಿ ಇನ್ನೆಲ್ಲಿಯೋ ಬಾಳುತ್ತಿರುವ ಜನ ಅದರ ಮುಂದೆ ನಿಂತು ತಮ್ಮ ತಮ್ಮ ಮನೆಯ ಹೊಸ್ತಿಲು ಎಲ್ಲಿತ್ತು, ಅಡಿಗೆಮನೆಗೆ ಎಷ್ಟು ಹೆಜ್ಜೆ ಎಂದು ಎಣಿಸಿಕೊಳ್ಳುತ್ತಾರೆ. ಅವರಲ್ಲಿ ಗಡಿಯ ಈ ಕಡೆಯಿಂದ ಹೋದವರೂ ಉಂಟು, ಆ ಕಡೆಯಿಂದ ಬಂದವರೂ ಉಂಟು.